ಆಕಾಶ ನೋಡುತ್ತಿದ್ದ ಕಾನ್ಸಲ್ ಮತ್ತು ನಮ್ಮ ಚಾಚಾ

ಹೋದ ತಿಂಗಳು ಬರ್ಮಿಂಗ್‌ಹ್ಯಾಮಿನ ಪಕ್ಕದ ಸಟನ್ ಕೋಲ್ಡ್‌ಫೀಲ್ಡಿನ ಪೇಟೆಯಲ್ಲಿ ಮಗಳಿಗೆ ಸ್ಕೂಲ್ ಶೂ ಕೊಳ್ಳಲು ಹೋದವಳು, ಮಳೆ ಜೋರಾಯಿತೆಂದು ಪಕ್ಕದ ಚಾರಿಟಿ ಶಾಪಿನೊಳಗೆ ನುಗ್ಗಿದೆ. ಯಾರೋ ಓದಿ ಬಿಟ್ಟ ಪುಸ್ತಕಗಳು, ಸತ್ತವರ ಕೋಟುಗಳು, ಜೋಡಿ ತಪ್ಪಿದ ಕಪ್ಪುಗಳು. ಅವುಗಳ ನಡುವೆ ಕಂದು ಚರ್ಮದ ಪೆಟ್ಟಿಗೆಯಲ್ಲಿ ಒಂದು ಹಳೆಯ ಬೈನಾಕ್ಯುಲರ್ ಇತ್ತು. ಮುಚ್ಚಳ ತೆಗೆದೆ. ಒಳಗಿನಿಂದ ಹಳೆಯ ಚರ್ಮದ ವಾಸನೆ, ಒಂದಿಷ್ಟು ಎಣ್ಣೆಯದು, ಆಮೇಲೆ ಲವಂಗದ್ದು... ಲವಂಗ ನಿಜಕ್ಕೂ ಇತ್ತೋ, ನಾನೇ ಸೇರಿಸಿಕೊಂಡೆನೋ ಹೇಳಲಾರೆ. ಮಗಳು ಇಂಗ್ಲಿಷಿನಲ್ಲಿ, ಇದು ಯಾಕಮ್ಮ ನಮಗೆ, ಎಂದಳು. ಬೇಕು ಸುಮ್ಮನಿರು ಎಂದು ದುಡ್ಡು ಕೊಟ್ಟು ತಂದುಬಿಟ್ಟೆ.

ಹೀಗೆ ನೆನಪಾದವರು ಶೆಫೀಲ್ಡಿನ ಚಾಚಾ. ರಕ್ತಸಂಬಂಧವೇನೂ ಅಲ್ಲ. ಅವರ ಮನೆಯ ಮಹಡಿ ಕೋಣೆಯಲ್ಲಿ ನಾನು ಹದಿನೈದು ತಿಂಗಳು ಬಾಡಿಗೆಗಿದ್ದೆ. ಲಂಡನ್ನಿನಲ್ಲಿ ಒಲಿಂಪಿಕ್ಸ್ ನಡೆಯುವುದಕ್ಕೆ ಇನ್ನೊಂದು ವರ್ಷವಿದ್ದ ಕಾಲ. ಮೈಸೂರಿನಿಂದ ಬಂದು ಅಲ್ಲಿಯ ಆಸ್ಪತ್ರೆಯೊಂದರಲ್ಲಿ ಜೂನಿಯರ್ ಡಾಕ್ಟರಾಗಿ ಸೇರಿದ್ದೆ. ಚಾಚಾ ವಿಜಯಪುರದವರು. ಎಪ್ಪತ್ತರ ದಶಕದಲ್ಲಿ ಬಂದು ಉಕ್ಕಿನ ಕಾರ್ಖಾನೆಯಲ್ಲಿ ಇಂಜಿನಿಯರಾಗಿ ದುಡಿದು ನಿವೃತ್ತರಾಗಿದ್ದರು. ಚಾಚಿ ತೀರಿಕೊಂಡು ಆರು ವರ್ಷವಾಗಿತ್ತು. ಟ್ರಾಮ್ ನಿಲ್ದಾಣದಿಂದ ಮನೆಗೆ ಏರುದಾರಿ. ಇಡೀ ಊರೇ ಏರು, ಇಳುಕಲು. ಅವರು ಆ ಏರನ್ನು ಬಾಯಲ್ಲಿ ಒಂದು ಲವಂಗ ಇಟ್ಟುಕೊಂಡು, ಅದು ಕರಗುವಷ್ಟು ನಿಧಾನವಾಗಿ ಹತ್ತುತ್ತಿದ್ದರು.

ನಾವಿಬ್ಬರೂ ಮನೆಯಲ್ಲಿ ದಖ್ಖನಿ ಉರ್ದು ಆಡಿ ಬೆಳೆದವರು. ಆದರೂ ನಮ್ಮ ಮಾತು ನಡೆಯುತ್ತಿದ್ದದ್ದು ಕನ್ನಡದಲ್ಲಿ. ಅದು ಅವರ ಕಾನೂನು. ಮೊದಲ ದಿನವೇ ಹೇಳಿಬಿಟ್ಟಿದ್ದರು: "ಪುಸ್ತಕ ಮುಗಿಯೂತನಕ ಈ ಮನ್ಯಾಗ ಕನ್ನಡನ ಮಾತಾಡೂಣು ಬೇಟಾ. ಇಲ್ಲಂದ್ರ ಶಬ್ದ ಮರತು ಹೋಗ್ತಾವ."

ಪುಸ್ತಕವೆಂದರೆ ಒಬ್ಬ ರೋಮನ್ ರಾಜಕಾರಣಿಯ ಜೀವನಚರಿತ್ರೆ. ನನಗೆ ಮೊದಲು ನಗು ಬಂತು. ನಿವೃತ್ತರಾದ ಮೇಲೆ ಹೊತ್ತು ಹೋಗದೆ ಲೈಬ್ರರಿಯಲ್ಲಿ ನಡೆಯುತ್ತಿದ್ದ ಸಂಜೆಯ ತರಗತಿಗೆ ಸೇರಿದರಂತೆ. ಮರಗೆಲಸದ ತರಗತಿ ಭರ್ತಿಯಾಗಿತ್ತು, ಪ್ರಾಚೀನ ರೋಮ್ ಖಾಲಿ ಇತ್ತು. ಅಲ್ಲಿ ಒಂದು ದಿನ ಈ ಮನುಷ್ಯನ ವಿಷಯ ಬಂತು. ಬರೀ ಹತ್ತು ನಿಮಿಷ. ಚಾಚಾ ಆ ಹತ್ತು ನಿಮಿಷವನ್ನು ಮನೆಗೆ ತಂದು ಏಳು ವರ್ಷ, ಹನ್ನೊಂದು ನೋಟ್‌ಬುಕ್ ಬರೆದಿದ್ದರು. ಇಂಗ್ಲಿಷಿನಲ್ಲಿ ಇಂಥವು ಬೇಕಾದಷ್ಟಿವೆ, ನಮ್ಮ ವಿಜಯಪುರದ ಮಂದಿಗೆ ಇವನನ್ನು ಯಾರು ಹೇಳುತ್ತಾರೆ ಎನ್ನುವುದು ಅವರ ವಾದ. ವಿಜಯಪುರದ ಮಂದಿಗೆ ಇವನು ಯಾಕೆ ಬೇಕು ಎಂದು ಕೇಳುವ ಧೈರ್ಯ ನನಗಿರಲಿಲ್ಲ.

ಆ ರೋಮನ್ನನ ಗ್ರಹಚಾರ ಏನೆಂದರೆ, ಅವನು ಪ್ರತಿ ಅಧಿಕಾರವನ್ನೂ ಒಬ್ಬ ಮಹಾ ಪ್ರಸಿದ್ಧನ ಜೊತೆಯಲ್ಲೇ ಪಡೆದ. ಆ ಪ್ರಸಿದ್ಧನ ಹೆಸರು ಶಾಲೆಯ ಮಕ್ಕಳಿಗೂ ಗೊತ್ತು. ಚಾಚಾ ತಮ್ಮ ಪುಸ್ತಕದಲ್ಲಿ ಅದನ್ನು ಒಂದು ಸಲವೂ ಬರೆಯಲಿಲ್ಲ, ನಾನೂ ಇಲ್ಲಿ ಬರೆಯುವುದಿಲ್ಲ. ಇಬ್ಬರೂ ಸೇರಿ ಊರಿಗೆ ಆಟ, ಉತ್ಸವ ಮಾಡಿಸಿದರೆ ಹೆಸರು ಅವನಿಗೆ. ಇಬ್ಬರೂ ಒಂದೇ ವರ್ಷ ಕಾನ್ಸಲ್ ಆದರು. ಕಾನ್ಸಲ್ ಎಂದರೆ ರೋಮಿನ ಅತಿ ದೊಡ್ಡ ಹುದ್ದೆ, ವರ್ಷಕ್ಕೆ ಇಬ್ಬರು. ಪ್ರಸಿದ್ಧ ತರುತ್ತಿದ್ದ ಕಾನೂನನ್ನು ಇವನು ತಡೆಯಲು ಹೋದಾಗ, ಸಭೆಯ ನಡುವೆ ಇವನ ತಲೆಯ ಮೇಲೆ ಸಗಣಿ ಬುಟ್ಟಿ ಸುರಿದು ಓಡಿಸಿದರು. ಆಮೇಲೆ ಅವನು ಮನೆ ಸೇರಿ ಬಾಗಿಲು ಹಾಕಿಕೊಂಡ. ಎಂಟು ತಿಂಗಳು ಹೊರಗೆ ಬರಲಿಲ್ಲ.

ಆದರೆ ಅವನ ಕೈಯಲ್ಲಿ ಒಂದು ಅಸ್ತ್ರವಿತ್ತು. ರೋಮಿನಲ್ಲಿ ರಾಜಕೀಯ ಬೇರೆ, ದೇವರ ಕೆಲಸ ಬೇರೆ ಎಂದಿರಲಿಲ್ಲ. ಹಕ್ಕಿ, ಮಿಂಚು, ಆಕಾಶದ ಶಕುನ ನೋಡದೆ ಸಭೆ ಕೂಡುವಂತಿಲ್ಲ. ಕಾನ್ಸಲ್ ಆದವನು, ನಾನು ಆಕಾಶ ನೋಡುತ್ತಿದ್ದೇನೆ, ಎಂದು ಸಾರಿದರೆ ಆ ದಿನದ ಕೆಲಸ ನಿಲ್ಲಬೇಕು. ಚಾಚಾ ಇದನ್ನು ವಿವರಿಸುವಾಗ ಅವರ ಊರಿನ ಬುಡಬುಡಕೆಯವನು ಬರುತ್ತಿದ್ದ. ಮುಂಜಾನೆ ಮನೆಮುಂದೆ ನಿಂತು ಹಾಲಕ್ಕಿ ನುಡಿಯುತೈತಿ ಎನ್ನುವವನಿಗೆ ನಾವು ಒಂದು ಮೊರ ಜೋಳ ಕೊಟ್ಟು ಕಳಿಸುತ್ತಿದ್ದೆವು, ರೋಮಿನಲ್ಲಿ ಅದೇ ಕೆಲಸಕ್ಕೆ ದೊಡ್ಡ ದೊಡ್ಡ ಮನೆತನದವರು ಹೊಡೆದಾಡುತ್ತಿದ್ದರು, ಎಂದು ನಗುತ್ತಿದ್ದರು. ಆ ಕಾನ್ಸಲ್ ದಿನವೂ ಮನೆಯೊಳಗಿಂದ ಚೀಟಿ ಕಳಿಸಿದ: ಆಕಾಶ ನೋಡುತ್ತಿದ್ದೇನೆ. ಊರು ಅದನ್ನು ಓದಿ ನಕ್ಕು, ತನ್ನ ಕೆಲಸ ತಾನು ಮಾಡಿಕೊಂಡು ಹೋಯಿತು.

ಮುಂದೆ ಅವನ ಇಬ್ಬರು ಮಕ್ಕಳು ಈಜಿಪ್ಟಿನಲ್ಲಿ ಸೈನಿಕರ ಕೈಯಲ್ಲಿ ಕೊಲೆಯಾದರು. ಆ ಅಧ್ಯಾಯವನ್ನು ಚಾಚಾ ನನಗೆ ಓದಿ ಹೇಳಿದ್ದು ಒಂದೇ ಸಲ, ಅದೂ ಗಡಿಬಿಡಿಯಲ್ಲಿ. ಓದಿ ಮುಗಿಸಿ, ನೋಟ್‌ಬುಕ್ ಮುಚ್ಚಿ, "ಮಕ್ಕಳು ಜೀವಂತ ಇದ್ದಾಗನ ಬಾಗಲಾ ತಗೀಬೇಕಿತ್ತು ಅವ" ಎಂದರು. ಆಮೇಲೆ ಅಡುಗೆಮನೆಗೆ ಹೋಗಿ ಸುಮ್ಮನೆ ನಲ್ಲಿ ಬಿಟ್ಟುಕೊಂಡು ನಿಂತರು...

ಅವರಿಗೂ ಒಬ್ಬ ಮಗನಿದ್ದ. ಅದೇ ಊರಿನಲ್ಲಿ, ನಾನಿದ್ದ ಆಸ್ಪತ್ರೆಯಲ್ಲೇ ಹಿರಿಯ ಡಾಕ್ಟರು, ಕನ್ಸಲ್ಟೆಂಟ್. ಬಸ್ಸಿನಲ್ಲಿ ಇಪ್ಪತ್ತು ನಿಮಿಷದ ದಾರಿ. ಅಪ್ಪ ಮಗನ ನಡುವೆ ಜಗಳವಾಗಿದ್ದದ್ದು ಆಸ್ತಿಗಲ್ಲ, ಮದುವೆಗಲ್ಲ. ಚಂದ್ರನಿಗೆ.

ರಂಜಾನಿನ ಇಪ್ಪತ್ತೊಂಬತ್ತನೇ ರೋಜಾದ ಸಂಜೆ ಚಂದ್ರ ಕಂಡರೆ ಮರುದಿನ ಈದ್, ಕಾಣದಿದ್ದರೆ ಇನ್ನೊಂದು ಉಪವಾಸ ಮಾಡಿ ಮೂವತ್ತು ಪೂರೈಸಬೇಕು. ಇಂಗ್ಲೆಂಡಿನ ಮೋಡದಲ್ಲಿ ಚಂದ್ರ ಸಿಗುವುದು ಅಪರೂಪ. ಹಾಗಾಗಿ ಕೆಲವರು ಬೇರೆ ದೇಶದಿಂದ ಬರುವ ಸುದ್ದಿಯನ್ನು ಒಪ್ಪುತ್ತಾರೆ, ಕೆಲವರು ಇಲ್ಲಿಯ ಆಕಾಶದಲ್ಲೇ ಕಾಣಬೇಕೆನ್ನುತ್ತಾರೆ. ಎರಡಕ್ಕೂ ಆಧಾರವಿದೆ. ಚಾಚಾ ಎರಡನೆಯ ಗುಂಪು. ಹಿಂದೆ ಮಸೀದಿ ಕಮಿಟಿಯವರು ಅವರನ್ನೇ ಬೈನಾಕ್ಯುಲರ್ ಕೊಟ್ಟು ಊರಂಚಿನ ಬೆಟ್ಟಕ್ಕೆ ಕಳಿಸುತ್ತಿದ್ದರಂತೆ, ಅವರ ಮಾತಿನ ಮೇಲೆ ಹಬ್ಬ ನಿರ್ಧಾರವಾಗುತ್ತಿತ್ತಂತೆ. ಮಗ ಕಮಿಟಿಯ ಅಧ್ಯಕ್ಷನಾದ ಮೇಲೆ ಫೋನಿನ ಸುದ್ದಿಯೇ ಸಾಕೆಂದು ತೀರ್ಮಾನವಾಯಿತು. ಮಗ ಕೆಟ್ಟವನಲ್ಲ. ಡ್ಯೂಟಿ ಪಟ್ಟಿಯಾದ ರೋಟಾದಲ್ಲಿ ರಜೆ ಬರೆಸುವವರು, ಸ್ಕೂಲಿಗೆ ಚೀಟಿ ಕಳಿಸುವವರು ಎಷ್ಟು ದಿನ ಆಕಾಶ ನೋಡುತ್ತ ಕೂರುತ್ತಾರೆ? ಅಪ್ಪ ಮಾತ್ರ ಒಪ್ಪಲಿಲ್ಲ. ಮೂರು ವರ್ಷದಿಂದ ಮಗನ ಮನೆಯಲ್ಲಿ ಒಂದು ದಿನ ಹಬ್ಬ, ಅಪ್ಪನ ಮನೆಯಲ್ಲಿ ಮರುದಿನ. ಸೊಸೆ ಹಬ್ಬದ ಶಾವಿಗೆ ಪಾಯಸ ಸುರಕುಂಬಾವನ್ನು ಡಬ್ಬಿಯಲ್ಲಿ ಕಳಿಸುತ್ತಿದ್ದಳು. ರೋಜಾದಲ್ಲಿದ್ದ ಚಾಚಾ ಅದನ್ನು ಫ್ರಿಜ್ಜಿನಲ್ಲಿಟ್ಟು, ಮರುದಿನ ಒಬ್ಬರೇ ಕೂತು ಬಿಸಿ ಮಾಡಿಕೊಂಡು ತಿನ್ನುತ್ತಿದ್ದರು.

ಆ ವಸಂತದಲ್ಲಿ ಅವರು ಇನ್ನೊಂದು ಅಧ್ಯಾಯ ಓದಿ ಹೇಳಿದರು. ಅದು ತಮ್ಮ ಕಾನ್ಸಲ್‌ಗಿಂತ ಇನ್ನೂರು ವರ್ಷ ಹಿಂದಿನ ಬೇರೊಬ್ಬ ಕಾನ್ಸಲ್‌ನ ಕಥೆ, ಶಕುನದ ಬಿಗಿ ಎಂಥದ್ದೆಂದು ತೋರಿಸಲು ಸೇರಿಸಿದ್ದು. ಯುದ್ಧಕ್ಕೆ ಮುಂಚೆ ಪವಿತ್ರ ಕೋಳಿಗಳಿಗೆ ಕಾಳು ಹಾಕುತ್ತಿದ್ದರು. ಗಬಗಬನೆ ತಿಂದರೆ ಒಳ್ಳೆಯ ಶಕುನ. ಅಂದು ಕೋಳಿಗಳು ಮುಟ್ಟಲಿಲ್ಲ. ಆದರೆ ಸೈನ್ಯವೆಲ್ಲ ಯುದ್ಧಕ್ಕೆ ಕುದಿಯುತ್ತಿತ್ತು, ಕೋಳಿ ಕಾಯುವವನು ಚೆನ್ನಾಗಿ ತಿಂದವು ಎಂದು ಸುಳ್ಳು ಹೇಳಿದ. ಸಂಗತಿ ಕಾನ್ಸಲ್ ಕಿವಿಗೆ ಬಿತ್ತು. ಅವನು ಅಲ್ಲಾಡಲಿಲ್ಲ. ನನಗೆ ಹೇಳಿದ್ದು ಒಳ್ಳೆಯ ಶಕುನ, ನನಗೆ ಅದು ಒಳ್ಳೆಯದೇ. ಸುಳ್ಳಿನ ಪಾಪ ಹೇಳಿದವನದು. ಅವನನ್ನು ಸೈನ್ಯದ ಮುಂದಿನ ಸಾಲಿನಲ್ಲಿ ನಿಲ್ಲಿಸಿ, ಎಂದ. ಎಲ್ಲಿಂದಲೋ ಬಂದ ಈಟಿ ಮೊದಲು ತಾಕಿದ್ದು ಆ ಕೋಳಿ ಕಾಯುವವನಿಗೆ. ಚಾಚಾ ಅದನ್ನು ಗತ್ತಿನಿಂದ ಓದಿದರು. ನ್ಯಾಯ ಅಂದರೆ ಹೀಗಿರಬೇಕು ಎಂದರು. ನನಗೆ ಆ ಬಡಪಾಯಿಯ ಮೇಲೆ ಮರುಕ ಬಂತು.

ಬೇಸಿಗೆ ಹೊತ್ತಿಗೆ ನನಗೆ ಎರಡು ವಿಷಯ ಗೊತ್ತಾಗಿದ್ದವು. ಒಂದು, ಅವರ ಕಣ್ಣು. ಹನ್ನೊಂದನೇ ನೋಟ್‌ಬುಕ್ಕಿನಲ್ಲಿ ಅಕ್ಷರ ದಪ್ಪವಾಗುತ್ತ ಹೋಗಿ, ಪುಟಕ್ಕೆ ನಾಲ್ಕು ಸಾಲು ಮಾತ್ರ ಹಿಡಿಯುತ್ತಿದ್ದವು. ಚಹಾ ಸುರಿಯುವಾಗ ಕಪ್ಪಿನೊಳಗೆ ಬೆರಳಿಟ್ಟು ಅಳೆಯುತ್ತಿದ್ದರು. ಎರಡು, ಅವರ ಹೃದಯ. ಕಾಲಿನ ಗೆಣ್ಣು ಬಾತುಕೊಳ್ಳುತ್ತಿತ್ತು, ಮಲಗಲು ಮೂರು ದಿಂಬು ಬೇಕಾಗುತ್ತಿತ್ತು. ನಾನು ಬಲವಂತ ಮಾಡಿ ಸ್ಟೆತಸ್ಕೋಪ್ ಇಟ್ಟು ನೋಡಿದೆ. ಬಡಾವಣೆಯ ಡಾಕ್ಟರಾದ ಜಿಪಿ ಕೊಟ್ಟ ಮಾತ್ರೆಗಳನ್ನೂ ನೋಡಿದೆ. ಈ ರಂಜಾನ್ ಬಿಟ್ಟರೆ ಇನ್ನೊಂದು ಇವರಿಗೆ ಸಿಗುವುದು ಅನುಮಾನ ಎಂದು ನನಗೆ ತಿಳಿದುಹೋಯಿತು. ರೋಜಾ ಬಿಡಿ ಎಂದು ಹೇಳಿದೆ, ಅವರ ಜಿಪಿಯೂ ಹೇಳಿದ್ದರು. ಕೇಳುವ ಆಸಾಮಿಯೇ ಅಲ್ಲ.

ಆ ವರ್ಷ ರಂಜಾನ್ ತಿಂಗಳು ಅಪ್ಪ ಮಗ ಇಬ್ಬರಿಗೂ ಒಂದೇ ದಿನ ಶುರುವಾಗಿತ್ತು. ಇಪ್ಪತ್ತೊಂಬತ್ತನೇ ದಿನ ಸಂಜೆ ಐದರ ಹೊತ್ತಿಗೆ ಆಸ್ಪತ್ರೆಯ ಕಾರಿಡಾರಿನಲ್ಲಿ ಮಗ ನನ್ನನ್ನು ನಿಲ್ಲಿಸಿದರು. ಅವರಿಗೆ ಕನ್ನಡ ಅರ್ಥವಾಗುತ್ತಿತ್ತು, ಆಡುತ್ತಿದ್ದದ್ದು ಇಂಗ್ಲಿಷ್. ನಾಳೆ ಈದ್ ಎಂದು ಸುದ್ದಿ ಬಂದಿದೆ, ನನ್ನ ಮಗಳು ಈ ಸಲ ಮೊದಲ ರೋಜಾ ಇಟ್ಟಿದ್ದಾಳೆ, ಅಜ್ಜ ಬರಬೇಕೆಂದು ಹಟ ಹಿಡಿದಿದ್ದಾಳೆ, ನೀನು ಹೇಗಾದರೂ ಅಬ್ಬಾನನ್ನು ಕರೆದುಕೊಂಡು ಬಾ ಎಂದರು. ಅಷ್ಟು ದೊಡ್ಡ ಡಾಕ್ಟರು ಜೂನಿಯರ್ ಹುಡುಗಿಯ ಮುಂದೆ ಹಾಗೆ ನಿಂತಿದ್ದನ್ನು ನೋಡಿ ಹೂಂ ಎಂದುಬಿಟ್ಟೆ.

ಆಗಸ್ಟ್ ಕೊನೆ. ಸಂಜೆ ಏಳಕ್ಕೆ ನಾನೂ ಚಾಚಾನೂ ಬಸ್ಸಿನಲ್ಲಿ ಊರಂಚಿನ ಬೆಟ್ಟಕ್ಕೆ ಹೋದೆವು. ನೇರಳೆ ಹೂ ಬಿಟ್ಟ ಕುರುಚಲು, ಕುರಿಗಳು, ತಣ್ಣನೆಯ ಗಾಳಿ. ಪಶ್ಚಿಮಕ್ಕೆ ಮುಖ ಮಾಡಿ ಕಲ್ಲುಗೋಡೆಯ ಮೇಲೆ ಕೂತೆವು. ಸೂರ್ಯ ಮುಳುಗಿದ. ಖರ್ಜೂರ ತಿಂದು ನೀರು ಕುಡಿದೆವು. ಆಕಾಶದ ತುಂಬ ಬೂದಿ ಬಣ್ಣದ ಮೋಡ, ಅಲ್ಲೊಂದು ಇಲ್ಲೊಂದು ಸೀಳು. ಚಾಚಾ ಬೈನಾಕ್ಯುಲರ್ ಕಣ್ಣಿಗಿಟ್ಟು ಬಹಳ ಹೊತ್ತು ಕೂತರು. ಆಮೇಲೆ ಅದನ್ನು ಇಳಿಸಿ ನನ್ನ ಕಡೆ ಚಾಚಿದರು.

"ನನ್ನ ಕಣ್ಣು ಹೋಗ್ಯಾವ ಬೇಟಾ. ನೀ ನೋಡು. ಕಂಡದ್ದಷ್ಟ ಹೇಳು."

ನೋಡಿದೆ. ಮೋಡ. ಸೀಳಿನಲ್ಲಿ ಖಾಲಿ ಆಕಾಶ. ಮತ್ತೆ ಮೋಡ. ಕಾರಿಡಾರಿನಲ್ಲಿ ನಿಂತ ಮಗ ನೆನಪಾದರು. ಬಾತ ಕಾಲು ನೆನಪಾಯಿತು. ಕೋಳಿ ಕಾಯುವವನೂ ನೆನಪಾದ, ಸುಳ್ಳಾಡುವುದಿಲ್ಲ. ನಾನು ಹೇಳಿಬಿಟ್ಟೆ.

"ಕಾಣ್ತಿದೆ ಚಾಚಾ."

ಅವರು ನನ್ನ ಕಡೆ ತಿರುಗಲಿಲ್ಲ. "ಬೆನ್ನು ಯಾ ಕಡೆ ಐತಿ?" ಎಂದು ಕೇಳಿದರು.

ಕುಡುಗೋಲಿನಂಥ ಆ ಗೆರೆಯ ಉಬ್ಬಿದ ಭಾಗ ಯಾವ ಕಡೆಗಿದೆ ಎಂದು ಕೇಳುತ್ತಿದ್ದರು. ಹುಟ್ಟಿದಾಗಿನಿಂದ ಈದಿನ ಚಂದ್ರನನ್ನು ನೋಡಿದವಳು ನಾನು, ಒಂದು ದಿನವೂ ಅದನ್ನು ಗಮನಿಸಿರಲಿಲ್ಲ. ಬಾಯಿಗೆ ಬಂದದ್ದು ಹೇಳಿದೆ. "ಎಡಗಡೆ."

ಹತ್ತಿರದಲ್ಲೊಂದು ಕುರಿ ಕೆಮ್ಮಿತು. ಆಮೇಲೆ ಚಾಚಾ ಫೋನ್ ತೆಗೆದು, ಮಗನ ನಂಬರ್ ಒತ್ತಿಕೊಡಲು ನನಗೆ ಕೊಟ್ಟರು. ದಖ್ಖನಿಯಲ್ಲಿ ಒಂದೇ ಮಾತು: ನಾಳೆ ಬರುತ್ತೇನೆ. ಆ ಕಡೆ ಮಗ ತಮ್ಮ ಮಗಳನ್ನು ಕೂಗಿ ಕರೆದದ್ದು ನನಗೂ ಕೇಳಿಸಿತು.

ಮರುದಿನದ ಸಂತೋಷವನ್ನು ಏನೆಂದು ಬರೆಯಲಿ... ಬಾಗಿಲಲ್ಲಿ ಮೊಮ್ಮಗಳು ಓಡಿ ಬಂದು ಅಜ್ಜನ ಕಾಲು ಹಿಡಿದುಕೊಂಡಳು. ಈದಿನ ರೂಢಿಯಂತೆ ಮೂರು ಸಲ ತಬ್ಬಿಕೊಳ್ಳಬೇಕಾದ ಅಪ್ಪ ಮಗ ಒಂದೇ ಸಲಕ್ಕೆ ತಬ್ಬಿಕೊಂಡು ಹಾಗೇ ನಿಂತುಬಿಟ್ಟರು. ಸೊಸೆ ಬಿಸಿ ಸುರಕುಂಬಾ ಬಡಿಸಿದಳು. ಚಾಚಾ ಮೂರು ಬಟ್ಟಲು ತಿಂದರು. ಮಗ ಅಡುಗೆಮನೆಗೆ ಹೋಗಿ ಫ್ರಿಜ್ಜಿನ ಕಡೆ ಮುಖ ಮಾಡಿಕೊಂಡು ಅತ್ತದ್ದನ್ನು ನಾನು ನೋಡಿದೆ. ನನ್ನ ಸುಳ್ಳಿನ ಬಗ್ಗೆ ನನಗೆ ಹೆಮ್ಮೆಯೇ ಆಯಿತು, ಒಪ್ಪಿಕೊಳ್ಳುತ್ತೇನೆ.

ಆ ಹೆಮ್ಮೆ ಎರಡು ದಿನ ಬಾಳಿತು. ಮೂರನೇ ಸಂಜೆ ಡ್ಯೂಟಿ ಮುಗಿಸಿ ಟ್ರಾಮ್ ಇಳಿದು ಏರು ಹತ್ತುವಾಗ, ಮನೆಗಳ ಸಾಲಿನ ಮೇಲೆ ಸಣ್ಣ ಚಂದ್ರ ಕಂಡ. ಬೆನ್ನು ಬಲಗಡೆಗಿತ್ತು, ಸೂರ್ಯ ಮುಳುಗಿದ ಕಡೆಗೆ. ಹೊಸ ಚಂದ್ರನ ಬೆನ್ನು ನಮ್ಮ ಸಂಜೆಯಾಕಾಶದಲ್ಲಿ ಎಡಗಡೆ ಇರುವುದು ಸಾಧ್ಯವೇ ಇಲ್ಲ. ಮೂವತ್ತು ವರ್ಷ ಚಂದ್ರನನ್ನು ಹುಡುಕಿದ ಮನುಷ್ಯನಿಗೆ ಅದು ಗೊತ್ತಿಲ್ಲದೆ ಇದ್ದೀತೇ?

ಮರುವಾರ ನನಗೆ ರಜೆಯಿದ್ದ ಒಂದು ದಿನ ಚಾಚಾ ಮಧ್ಯಾಹ್ನ ಊಟಕ್ಕೆ ಬರಲಿಲ್ಲ. ಹೊಟ್ಟೆ ಸರಿಯಿಲ್ಲ ಎಂದರು. ಲವಂಗದ ಡಬ್ಬಿ ಮೇಜಿನ ಮೇಲೆಯೇ ಇತ್ತು, ಮುಟ್ಟಿರಲಿಲ್ಲ. ಬೆಳಿಗ್ಗೆ ನಾನು ಮಾಡಿಟ್ಟ ಚಹಾ ಆರಿ ಕೆನೆ ಕಟ್ಟಿತ್ತು. ಸಂಜೆ ಸೂರ್ಯ ಮುಳುಗುವ ಹೊತ್ತಿಗೆ ಸರಿಯಾಗಿ ಅವರು ಅಡುಗೆಮನೆಗೆ ಬಂದು ನಿಂತುಕೊಂಡೇ ಒಂದು ಖರ್ಜೂರ ಬಾಯಿಗೆ ಹಾಕಿಕೊಂಡದ್ದನ್ನು ಬಾಗಿಲ ಸಂದಿಯಿಂದ ಕಂಡೆ. ತಪ್ಪಿಹೋದ ರೋಜಾವನ್ನು ಆಮೇಲೆ ಇಟ್ಟು ತೀರಿಸುತ್ತೇವೆ, ಅದಕ್ಕೆ ಖಜಾ ಎನ್ನುತ್ತೇವೆ. ಅವರು ಮೂವತ್ತನೆಯದನ್ನು ತೀರಿಸುತ್ತಿದ್ದರು. ಆ ಹೃದಯ ಇಟ್ಟುಕೊಂಡು, ನನ್ನ ಸುಳ್ಳಿಗೆ.

ಆಗ ಒಳಗೆ ಹೋಗಿ ಹೇಳಬಹುದಿತ್ತು. ಹೇಳಬೇಕಾದದ್ದು ಎರಡೇ ಮಾತು. ನಾಚಿಕೆಯೋ, ಹೆದರಿಕೆಯೋ, ಆ ಒಂದು ಹಬ್ಬ ಕೈ ತಪ್ಪಬಾರದು ಎಂಬ ಆಸೆಯೋ... ಮೆಟ್ಟಿಲು ಹತ್ತಿ ನನ್ನ ಕೋಣೆಗೆ ಹೋದೆ. ಅಕ್ಟೋಬರಿನಲ್ಲಿ ಬರ್ಮಿಂಗ್‌ಹ್ಯಾಮಿನಲ್ಲಿ ಕೆಲಸ ಸಿಕ್ಕಿತು. ಹೊರಡುವ ದಿನ ಚಾಚಾ ಬಸ್ಸಿನವರೆಗೂ ಬಂದು, ಪುಸ್ತಕ ಇನ್ನೇನು ಮುಗಿಯಿತು, ಒಂದು ಅಧ್ಯಾಯ ತಿದ್ದುವುದಿದೆ ಎಂದರು. ನಾನು ಬಂದು ಕೇಳುತ್ತೇನೆ ಎಂದೆ.

ಜನವರಿಯಲ್ಲಿ ಮಗನ ಫೋನ್ ಬಂತು. ಅಬ್ಬಾ ವಾರ್ಡಿನಲ್ಲಿದ್ದಾರೆ, ನಿನ್ನನ್ನು ಕೇಳುತ್ತಿದ್ದಾರೆ. ರೋಟಾದಲ್ಲಿ ನನ್ನ ಜಾಗಕ್ಕೆ ಯಾರೂ ಸಿಗಲಿಲ್ಲ. ಮರುದಿನ ಮಧ್ಯಾಹ್ನ ಶೆಫೀಲ್ಡ್ ಸ್ಟೇಷನ್ನಿನಲ್ಲಿ ಇಳಿಯುವಾಗ ಎರಡನೇ ಫೋನ್ ಬಂತು. ನಾನು ತಲುಪಿದ್ದು ಮಣ್ಣಿಗೆ.

ಎಲ್ಲ ಮುಗಿದ ಮೇಲೆ ಮಗ ಒಂದು ಚೀಲ ತಂದು ನನ್ನ ಮುಂದಿಟ್ಟರು. ಹನ್ನೆರಡು ನೋಟ್‌ಬುಕ್. ನಮ್ಮಲ್ಲಿ ಯಾರಿಗೂ ಕನ್ನಡ ಓದಲು ಬರುವುದಿಲ್ಲ, ನಿನಗೇ ಕೊಡಬೇಕೆಂದು ಹೇಳಿದ್ದರು, ಎಂದರು. ಕಡೆಯ ರಂಜಾನ್ ಈದಿಗೆ ಅವರನ್ನು ಕರೆತಂದದ್ದಕ್ಕೆ ಥ್ಯಾಂಕ್ಸ್ ಎಂದೂ ಹೇಳಿದರು. ನಾನು ಅವರ ಮುಖ ನೋಡದೆ ಚೀಲ ಎತ್ತಿಕೊಂಡೆ.

ಹನ್ನೆರಡನೆಯದನ್ನು ರೈಲಿನಲ್ಲೇ ತೆರೆದೆ. ಅಂಗೈ ಅಗಲದ ಅಕ್ಷರ, ಪುಟಕ್ಕೆ ಎರಡು ಸಾಲು, ಒಂದರ ಮೇಲೊಂದು ಹತ್ತಿದ್ದವು. ಅದು ಕೋಳಿ ಕಾಯುವವನ ಅಧ್ಯಾಯ, ಮತ್ತೆ ಬರೆದದ್ದು. ಒಂದು ಇಸವಿ ತಪ್ಪಬಾರದೆಂದು ಮೂರು ಲೈಬ್ರರಿ ಅಲೆಯುತ್ತಿದ್ದ ಮನುಷ್ಯ, ಎರಡು ಸಾವಿರ ವರ್ಷದಿಂದ ಎಲ್ಲರೂ ಒಂದೇ ರೀತಿ ಹೇಳಿಕೊಂಡು ಬಂದ ಕಥೆಯನ್ನು ಬದಲಾಯಿಸಿದ್ದರು. ಹೀಗಿತ್ತು:

"ಅವನು ಸುಳ್ಳು ಹೇಳುತ್ತಿದ್ದಾನೆಂದು ಕೇಳುವಾಗಲೇ ಕಾನ್ಸಲ್‌ಗೆ ಗೊತ್ತಿತ್ತು. ಆದರೆ ಅವನಿಗೂ ಹೋಗಬೇಕಾಗಿತ್ತು. ಆದ್ದರಿಂದ ಅವನು ಹೇಳಿದನು: ಇದರ ಪಾಪ ನನ್ನದು. ಆ ಮಗುವನ್ನು ಮುಂದಿನ ಸಾಲಿನಲ್ಲಿ ನಿಲ್ಲಿಸಬೇಡಿ."

ಹಳೆಯ ಪ್ರತಿಯಲ್ಲಿ ಕೋಳಿ ಕಾಯುವವನು ನಡುವಯಸ್ಸಿನವನು. ಇಲ್ಲಿ ಮಗು ಆಗಿದ್ದ. ಎದುರಿಗೆ ಕೂತಿದ್ದ ಹೆಂಗಸು ನನಗೆ ಟಿಶ್ಯೂ ಪ್ಯಾಕೆಟ್ಟನ್ನೇ ಕೊಟ್ಟುಬಿಟ್ಟಳು. ಡರ್ಬಿ ದಾಟುವವರೆಗೂ ನಾನು ಅತ್ತೆ.

ಹನ್ನೆರಡನ್ನೂ ಟೈಪ್ ಮಾಡಿಟ್ಟಿದ್ದೇನೆ. ಓದಿದ ಒಬ್ಬ ಪರಿಚಯದ ಇತಿಹಾಸದ ಮೇಷ್ಟ್ರು ಎಲ್ಲ ಸರಿಯಿದೆ, ಅದೊಂದು ಕಡೆ ತಪ್ಪಿದೆ, ತಿದ್ದಿ ಎಂದರು. ತಿದ್ದುವುದಿಲ್ಲ ಎಂದೆ. ಅಂದು ನಾನೂ ಬಿಟ್ಟ ಒಂದು ರೋಜಾಕ್ಕೆ ಒಂದು ಖಜಾ ಸಾಕು. ನಾನು ಪ್ರತಿ ವರ್ಷ ಒಂದು ಇಡುತ್ತೇನೆ. ಲೆಕ್ಕ ತೀರಿಲ್ಲ ಎಂದಲ್ಲ... ಆ ದಿನ ಊಟ ಬಿಟ್ಟರೆ ಅವರ ಜೊತೆ ಕೂತಂತೆ ಆಗುತ್ತದೆ.

ಮೊನ್ನೆ ರಂಜಾನಿನ ಇಪ್ಪತ್ತೊಂಬತ್ತನೇ ಸಂಜೆ ಚಾರಿಟಿ ಶಾಪಿನ ಬೈನಾಕ್ಯುಲರ್ ಹಿಡಿದು ಹಿತ್ತಿಲಿಗೆ ಹೋದೆ. ಮಗಳು ಫೋನಿನಿಂದ ತಲೆಯೆತ್ತದೆ, ಆ್ಯಪಿನಲ್ಲಿ ಆಗಲೇ ಬಂದಿದೆಯಲ್ಲ ಎಂದಳು. ಬೇಲಿಯ ಆಚೆ, ಪಕ್ಕದವರ ಚಿಮಣಿಯ ಮೇಲೆ, ಪಶ್ಚಿಮವನ್ನೆಲ್ಲ ನಿಧಾನವಾಗಿ ನೋಡಿದೆ. ಅಂದು ಬೆಟ್ಟದ ಮೇಲೆ ನೋಡಿದಷ್ಟೇ ಹೊತ್ತು ನೋಡಿದೆ. ಆಮೇಲೆ ಅದನ್ನು ಇಳಿಸಿ, ಯಾರೂ ಇಲ್ಲದ ಬೆಂಚಿನ ಕಡೆ ತಿರುಗಿ, ಅಂದು ಹೇಳಬೇಕಾಗಿದ್ದುದನ್ನು ಗಟ್ಟಿಯಾಗಿ ಹೇಳಿದೆ.

"ಮೋಡ ಇದೆ ಚಾಚಾ. ನನಗೇನೂ ಕಾಣ್ತಿಲ್ಲ."